ಮೇಲ್ಸೇತುವೆಯ ಹೊಟ್ಟೆಯೊಳಗೆ ಏನಿದೆ?

ತುಮಕೂರಿನ ಕಡೆಯಿಂದ ಬೆಂಗಳೂರಿಗೆ ಎಂದಾದರೂ ಬಂದಿದ್ದೀರಾ? ನಾಗಸಂದ್ರದ ಹತ್ತಿರ ರಸ್ತೆ ಮೆಲ್ಲನೆ ಮೇಲೇರುತ್ತದೆ. ಅಂಗಡಿಗಳ ಬೋರ್ಡುಗಳು ಕೆಳಗೆ ಉಳಿದು, ಕಾರ್ಖಾನೆಗಳ ತಗಡಿನ ಚಾವಣಿಗಳು ಕಾಣತೊಡಗುತ್ತವೆ. ಪಕ್ಕದಲ್ಲೇ ಮೆಟ್ರೋ ರೈಲು ಓಡುತ್ತಿರುತ್ತದೆ. ನಾಲ್ಕು ಕಿಲೋಮೀಟರಿಗೂ ಹೆಚ್ಚು ದೂರ ಹೀಗೆ ಕಂಬಗಳ ಮೇಲೆಯೇ ಸಾಗಿ ಗೊರಗುಂಟೆಪಾಳ್ಯದಲ್ಲಿ ಮತ್ತೆ ನೆಲಕ್ಕೆ ಇಳಿಯುತ್ತೀರಿ. ಇದೇ ಪೀಣ್ಯದ ಮೇಲ್ಸೇತುವೆ. ಮಲೆನಾಡು, ಮಧ್ಯ ಕರ್ನಾಟಕ, ಉತ್ತರ ಕರ್ನಾಟಕಗಳಿಂದ ರಾಜಧಾನಿಗೆ ಬರುವ ಎಷ್ಟೋ ಬಸ್ಸುಗಳಿಗೆ, ಲಾರಿಗಳಿಗೆ ಇದು ಹೆಬ್ಬಾಗಿಲು.

2021ರ ಡಿಸೆಂಬರ್ 25ರಂದು ಈ ಹೆಬ್ಬಾಗಿಲನ್ನು ಮುಚ್ಚಿದರು. ಸೇತುವೆ ಬಿದ್ದಿರಲಿಲ್ಲ. ಕಂಬ ವಾಲಿರಲಿಲ್ಲ. ಕೆಳಗೆ ನಿಂತು ತಲೆಯೆತ್ತಿ ನೋಡಿದವರಿಗೆ ಎಲ್ಲವೂ ನಿನ್ನೆಯಂತೆಯೇ ಇತ್ತು. ಆದರೂ ಒಂದು ಸ್ಕೂಟರನ್ನೂ ಮೇಲೆ ಬಿಡಲಿಲ್ಲ. ಲಾರಿ, ಬಸ್ಸುಗಳಂತೂ ಮತ್ತೆ ಅದರ ಮೇಲೆ ಹತ್ತಲು ಎರಡೂವರೆ ವರ್ಷ ಕಾಯಬೇಕಾಯಿತು. ಆ ಸೇತುವೆ ಸಂಚಾರಕ್ಕೆ ತೆರೆದದ್ದು 2010ರಲ್ಲಿ. ಅಂದರೆ ಮುಚ್ಚುವಾಗ ಅದಕ್ಕೆ ಕೇವಲ ಹನ್ನೊಂದು ವರ್ಷ. ನಿಮ್ಮಷ್ಟೇ ವಯಸ್ಸು!

ಹೊರಗೆ ಏನೂ ಕಾಣದ ಸೇತುವೆಯನ್ನು ಮುಚ್ಚಿದ್ದು ಏಕೆ? ಇದು ತಿಳಿಯಬೇಕಾದರೆ ನಾವು ಅದರ ಹೊಟ್ಟೆಯೊಳಗೆ ಇಣುಕಬೇಕು. ಅದಕ್ಕೆ ಮೊದಲು ಬೆಂಗಳೂರಿಗೆ ಇಷ್ಟೊಂದು ಮೇಲ್ಸೇತುವೆಗಳು ಏಕೆ ಬಂದವು ಎಂಬುದನ್ನು ಸ್ವಲ್ಪ ನೋಡೋಣ.

ನದಿಯಿಲ್ಲದ ಊರಿನ ಸೇತುವೆಗಳು

ಸೇತುವೆ ಎಂದ ಕೂಡಲೇ ನಮಗೆ ನೆನಪಾಗುವುದು ನದಿ. ಆದರೆ ಬೆಂಗಳೂರು ಯಾವ ದೊಡ್ಡ ನದಿಯ ದಂಡೆಯಲ್ಲೂ ಇಲ್ಲ. ಅದು ಸಮುದ್ರ ಮಟ್ಟದಿಂದ 900 ಮೀಟರಿನಷ್ಟು ಎತ್ತರದಲ್ಲಿರುವ ಒಂದು ದಿಣ್ಣೆಯ ಮೇಲಿದೆ. ಅಲ್ಲಿ ಬಿದ್ದ ಮಳೆನೀರು ಸ್ವಲ್ಪ ವೃಷಭಾವತಿಯ ಕಡೆಗೆ, ಸ್ವಲ್ಪ ದಕ್ಷಿಣ ಪಿನಾಕಿನಿಯ ಕಡೆಗೆ ಹರಿದು ಹೋಗುತ್ತದೆ. ಹಾಗಾದರೆ ಈ ಸೇತುವೆಗಳು ಯಾವುದರ ಮೇಲೆ? ವಾಹನಗಳ ಹೊಳೆಯ ಮೇಲೆ! ಒಂದು ರಸ್ತೆಯ ವಾಹನಗಳು ಇನ್ನೊಂದು ರಸ್ತೆಯ ವಾಹನಗಳಿಗೆ ಅಡ್ಡ ಬಾರದಂತೆ ದಾಟಿಸುವುದೇ ಇವುಗಳ ಕೆಲಸ.

ಕೆ.ಆರ್. ಮಾರುಕಟ್ಟೆಯ ಸುತ್ತ ಯಾವಾಗಲೂ ಜನ, ಗಾಡಿ, ತರಕಾರಿ ಮೂಟೆ. ಅದನ್ನು ದಾಟಿ ಮೈಸೂರು ರಸ್ತೆ ಸೇರುವುದೇ ದೊಡ್ಡ ಸಾಹಸವಾಗಿತ್ತು. ಅಲ್ಲಿ ಪುರಭವನದ ಕಡೆಯಿಂದ ಸಿರ್ಸಿ ವೃತ್ತದವರೆಗೆ ಎರಡೂವರೆ ಕಿಲೋಮೀಟರಿಗೂ ಉದ್ದದ ಮೇಲ್ಸೇತುವೆ 1999ರಲ್ಲಿ ತೆರೆಯಿತು. ನಗರದ ಮೊದಲ ಉದ್ದನೆಯ ಮೇಲ್ಸೇತುವೆ ಅದು. 2003ರ ಹೊತ್ತಿಗೆ ಹೆಬ್ಬಾಳದಲ್ಲಿ, ಕೆರೆಯ ಪಕ್ಕ, ಬಳೆಯಂತೆ ಬಾಗಿದ ದಾರಿಗಳ ಸೇತುವೆ ಬಂತು. ಕೃಷ್ಣರಾಜಪುರದಲ್ಲಿ ರೈಲುಹಳಿಗಳ ಮೇಲೆ ಇನ್ನೊಂದು ವಿಶೇಷ ಸೇತುವೆ ಎದ್ದಿತು. ಹಳಿಗಳ ನಡುವೆ ಕಂಬ ನಿಲ್ಲಿಸುವಂತಿರಲಿಲ್ಲ. ಹಾಗಾಗಿ ಎತ್ತರದ ಗೋಪುರದಿಂದ ಉಕ್ಕಿನ ತಂತಿಹಗ್ಗಗಳನ್ನು ಇಳಿಬಿಟ್ಟು ರಸ್ತೆಯನ್ನು ಎತ್ತಿ ಹಿಡಿದಿದ್ದಾರೆ. ಜನ ಅದನ್ನು ‘ತೂಗುಸೇತುವೆ’ ಎಂದೇ ಕರೆಯುತ್ತಾರೆ. 2010ರಲ್ಲಿ ಹೊಸೂರು ರಸ್ತೆಯಲ್ಲಿ ಎಲೆಕ್ಟ್ರಾನಿಕ್ಸ್ ಸಿಟಿಗೆ ಹೋಗುವ ಸುಮಾರು 10 ಕಿ.ಮೀ. ಉದ್ದದ ಎತ್ತರದ ಹೆದ್ದಾರಿ ತೆರೆಯಿತು. ಪೀಣ್ಯದ್ದೂ ಅದೇ ವರ್ಷದ್ದು. ಈಚಿನದು ರಾಗಿಗುಡ್ಡದಿಂದ ಸಿಲ್ಕ್ ಬೋರ್ಡಿಗೆ ಹೋಗುವ ಎರಡಂತಸ್ತಿನ ಸೇತುವೆ. ಅದರ ಕೆಳ ಅಂತಸ್ತಿನಲ್ಲಿ 2024ರ ಜುಲೈನಿಂದ ವಾಹನಗಳು, ಮೇಲಿನ ಅಂತಸ್ತಿನಲ್ಲಿ 2025ರ ಆಗಸ್ಟಿನಿಂದ ಮೆಟ್ರೋ ರೈಲು ಓಡುತ್ತಿವೆ.

ಮೇಲ್ಸೇತುವೆ ಕಟ್ಟಿದರೆ ಎಲ್ಲ ಸಮಸ್ಯೆಯೂ ಮುಗಿಯಿತೆಂದೇನೂ ಅಲ್ಲ. ಟ್ರಾಫಿಕ್ ಸಿಗ್ನಲ್ ತಪ್ಪಿಸಲೆಂದು ಕಟ್ಟುವ ಸೇತುವೆಯ ಮೇಲೆಯೇ ಒಂದು ಸಿಗ್ನಲ್ ಹಾಕಬೇಕಾಗಿ ಬಂದ ತಮಾಷೆಯೂ ಬೆಂಗಳೂರಿನ ರಿಚ್ಮಂಡ್ ವೃತ್ತದಲ್ಲಿ ನಡೆದಿದೆ! ಆ ಮಾತು ಇರಲಿ, ನಾವು ಸೇತುವೆಯ ಒಳಗೆ ಹೋಗೋಣ.

ಸೀಮೆಸುಣ್ಣ ಮುರಿದು ನೋಡಿ

ಒಂದು ಸ್ಪಂಜಿನ ತುಂಡು ತೆಗೆದುಕೊಳ್ಳಿ. ಅದರ ಪಕ್ಕದ ಮೈಮೇಲೆ ಸ್ಕೆಚ್ ಪೆನ್ನಿನಿಂದ ಸಮ ಅಂತರದಲ್ಲಿ ನೇರವಾದ ಗೆರೆಗಳನ್ನು ಮೇಲಿಂದ ಕೆಳಕ್ಕೆ ಎಳೆಯಿರಿ. ಎರಡು ಪುಸ್ತಕಗಳ ನಡುವೆ ಸೇತುವೆಯಂತೆ ಇಟ್ಟು, ನಡುವೆ ಬೆರಳಿನಿಂದ ಒತ್ತಿ. ಗೆರೆಗಳು ಏನಾದವು? ಮೇಲ್ತುದಿಯಲ್ಲಿ ಒಂದಕ್ಕೊಂದು ಹತ್ತಿರ ಬಂದವು. ಕೆಳತುದಿಯಲ್ಲಿ ದೂರ ಸರಿದವು. ಅಂದರೆ ಭಾರ ಬಿದ್ದಾಗ ತೊಲೆಯ ಮೇಲ್ಭಾಗ ಒತ್ತಿಕೊಳ್ಳುತ್ತದೆ, ಕೆಳಭಾಗ ಎಳೆಯಲ್ಪಡುತ್ತದೆ. ತೊಲೆಗಳ ಸೇತುವೆಯಲ್ಲೂ ನಡೆಯುವುದು ಇದೇ.

ಈಗ ಒಂದು ಸೀಮೆಸುಣ್ಣ ತೆಗೆದುಕೊಳ್ಳಿ (ಮೇಷ್ಟ್ರನ್ನು ಕೇಳಿಯೇ ತೆಗೆದುಕೊಳ್ಳಿ). ನೇರವಾಗಿ ನಿಲ್ಲಿಸಿ ತುದಿಯ ಮೇಲೆ ಅಂಗೈಯಿಂದ ಒತ್ತಿ. ಸುಲಭಕ್ಕೆ ಮುರಿಯುವುದಿಲ್ಲ. ಅದನ್ನೇ ಎರಡೂ ತುದಿ ಹಿಡಿದು ಬಗ್ಗಿಸಿ. ಟಕ್ ಎಂದು ಮುರಿಯಿತು. ಕಾಂಕ್ರೀಟಿನ ಸ್ವಭಾವವೂ ಹೀಗೆಯೇ. ಒತ್ತಿದರೆ ಗಟ್ಟಿ, ಎಳೆದರೆ ದುರ್ಬಲ. ಆದ್ದರಿಂದಲೇ ಎಳೆತ ಬೀಳುವ ಕಡೆ ಕಾಂಕ್ರೀಟಿನೊಳಗೆ ಉಕ್ಕಿನ ಸರಳುಗಳನ್ನು ಹೂಳುತ್ತಾರೆ. ಎಳೆತವನ್ನು ಉಕ್ಕು ತಾಳಿಕೊಳ್ಳುತ್ತದೆ, ಒತ್ತಡವನ್ನು ಕಾಂಕ್ರೀಟು ತಾಳಿಕೊಳ್ಳುತ್ತದೆ. ನಿಮ್ಮ ಶಾಲೆಯ ಚಾವಣಿಯೂ ಆರ್‌ಸಿಸಿಯದ್ದಾದರೆ ಅದರೊಳಗೂ ಇದೇ ಜೋಡಿ ಇದೆ.

ಹಳೆಯ ಕಾಲದ ಕಲ್ಲುಸೇತುವೆಗಳಲ್ಲಿ ಉಕ್ಕಿನ ಸರಳು ಇರಲಿಲ್ಲ. ಶ್ರೀರಂಗಪಟ್ಟಣದಲ್ಲಿ ಕಾವೇರಿಯ ಮೇಲೆ 1804ರಲ್ಲಿ, ಪೂರ್ಣಯ್ಯನವರು ದಿವಾನರಾಗಿದ್ದಾಗ ಕಟ್ಟಿದ ವೆಲ್ಲೆಸ್ಲಿ ಸೇತುವೆಯನ್ನು ನೋಡಿ. ಎರಡು ಶತಮಾನ ಕಳೆದರೂ ಅದು ನಿಂತಿದೆ. ಕಲ್ಲಿಗೆ ತುಕ್ಕು ಹಿಡಿಯುವುದಿಲ್ಲವಲ್ಲ! ಆದರೆ ಅದರ ಕಂಬಗಳು ಎಷ್ಟು ಹತ್ತಿರ ಹತ್ತಿರ ಇವೆ ಎಂಬುದನ್ನೂ ಗಮನಿಸಿ. ಕಲ್ಲಿನ ಚಪ್ಪಡಿಯೂ ಸೀಮೆಸುಣ್ಣದಂತೆಯೇ, ಉದ್ದವಾದರೆ ನಡುವೆ ಮುರಿಯುತ್ತದೆ. ನಗರದ ರಸ್ತೆಯ ಮೇಲೆ ಹಾಗೆ ಎರಡೆರಡು ಮೀಟರಿಗೆ ಕಂಬ ನೆಟ್ಟರೆ ಕೆಳಗೆ ಬಸ್ಸು ಹೋಗುವುದು ಹೇಗೆ? ಕಂಬಗಳ ನಡುವೆ 25–30 ಮೀಟರಾದರೂ ಜಾಗ ಬೇಕು. ಅಷ್ಟು ಅಂತರಕ್ಕೆ ಬರೀ ಸರಳು ಹೂತ ಕಾಂಕ್ರೀಟೂ ಬಹಳ ದಪ್ಪವಾಗಿ, ಭಾರವಾಗಿಬಿಡುತ್ತದೆ. ಆಗ ಎಂಜಿನಿಯರುಗಳು ಇನ್ನೊಂದು ಉಪಾಯ ಮಾಡುತ್ತಾರೆ. ಅದನ್ನು ನೀವೂ ಮಾಡಬಹುದು.

ಪುಸ್ತಕಗಳ ಸೇತುವೆ

ಒಂದೇ ಅಳತೆಯ ಎಂಟು ಹತ್ತು ಪುಸ್ತಕಗಳನ್ನು ಮೇಜಿನ ಮೇಲೆ ಪಕ್ಕಪಕ್ಕದಲ್ಲಿ ನಿಲ್ಲಿಸಿ. ಸಾಲಿನ ಎರಡೂ ತುದಿಗಳಿಗೆ ಅಂಗೈ ಕೊಟ್ಟು ಒಳಮುಖವಾಗಿ ಬಲವಾಗಿ ಒತ್ತಿ, ಹಾಗೆಯೇ ಮೇಲಕ್ಕೆ ಎತ್ತಿ. ಅರೆ! ಅಂಟಿಲ್ಲ, ದಾರವಿಲ್ಲ, ಆದರೂ ಪುಸ್ತಕಗಳು ಒಂದೇ ತೊಲೆಯಂತೆ ಎದ್ದು ಬಂದವು. ಗೆಳತಿಯೊಬ್ಬಳಿಗೆ ಅದರ ಮೇಲೆ ಕಂಪಾಸ್ ಪೆಟ್ಟಿಗೆ ಇಡಲು ಹೇಳಿ. ಅದನ್ನೂ ಹೊರುತ್ತದೆ. ಈಗ ಕೈ ಸ್ವಲ್ಪ ಸಡಿಲಿಸಿ. ನಡುವಿನ ಪುಸ್ತಕಗಳು ಕೆಳಗೆ ಜಾರಿ, ದಬಾರನೆ ಬಿದ್ದವು.

ಏನಾಯಿತು? ನೀವು ಮೊದಲೇ ಒತ್ತಿ ಹಿಡಿದಿದ್ದರಿಂದ, ಭಾರ ಬಿದ್ದು ಕೆಳಭಾಗ ಎಳೆದುಕೊಳ್ಳಲು ಹೊರಟರೂ ಅಲ್ಲಿ ಬಾಯಿ ಬಿಡಲಿಲ್ಲ. ಎಳೆತವನ್ನು ನಿಮ್ಮ ಒತ್ತಡ ನುಂಗಿಹಾಕಿತು. ಕಾಂಕ್ರೀಟನ್ನು ಹೀಗೆ ಮುಂಚಿತವಾಗಿ ಒತ್ತಿ ಹಿಡಿಯುವುದಕ್ಕೆ ಪೂರ್ವ ಒತ್ತಡದ ಕಾಂಕ್ರೀಟು ಎನ್ನುತ್ತಾರೆ. ಇದನ್ನು ಬಳಕೆಗೆ ತಂದವರು ಫ್ರಾನ್ಸಿನ ಎಂಜಿನಿಯರ್ ಯೂಜೀನ್ ಫ್ರೆಸಿನೆ. 1928ರಲ್ಲಿ ಅವರು ಇದಕ್ಕೆ ಹಕ್ಕುಪತ್ರ ಪಡೆದರು. ಅದಕ್ಕೂ ಮೊದಲು ಅವರು ಕಟ್ಟಿದ ಒಂದು ಕಾಂಕ್ರೀಟ್ ಕಮಾನು ಸೇತುವೆ, ಮುಗಿದ ಮೇಲೆ ನಿಧಾನವಾಗಿ ಕುಗ್ಗತೊಡಗಿತ್ತು. ಜಾಕ್ ಕೊಟ್ಟು ಅದನ್ನು ಮತ್ತೆ ಮೇಲೆತ್ತಿ ಉಳಿಸಿಕೊಂಡರು. ಗಟ್ಟಿಯಾದ ಕಾಂಕ್ರೀಟು ಕೂಡ ಬಹಳ ಕಾಲ ಒತ್ತಡದಲ್ಲಿದ್ದರೆ ಕೊಂಚ ಕೊಂಚವೇ ಕುಗ್ಗುತ್ತದೆ ಎಂಬ ಪಾಠವನ್ನು ಅವರು ಕಲಿತದ್ದು ಆ ಸೇತುವೆಯಿಂದ. ಹಾಗೆ ಕುಗ್ಗಿದರೂ ಸಡಿಲವಾಗದಷ್ಟು ಬಿಗಿಯಾಗಿ ಎಳೆಯಬೇಕು. ಅದಕ್ಕೆ ಸಾಮಾನ್ಯ ಸರಳು ಸಾಲದು, ಬಹಳ ಬಲವಾದ ಉಕ್ಕಿನ ತಂತಿಯೇ ಬೇಕು.

ಪೀಣ್ಯದಂತಹ ಸೇತುವೆಯಲ್ಲಿ ಪುಸ್ತಕಗಳ ಬದಲು ದೊಡ್ಡ ದೊಡ್ಡ ಕಾಂಕ್ರೀಟ್ ತುಂಡುಗಳಿರುತ್ತವೆ. ಒಂದೊಂದು ತುಂಡೂ ಒಂದು ಕೋಣೆಯಷ್ಟು ದೊಡ್ಡದು, ನಡುವೆ ಟೊಳ್ಳು. ಅವುಗಳನ್ನು ಬೇರೊಂದು ಬಯಲಿನಲ್ಲಿ ಎರಕ ಹೊಯ್ದು, ಉದ್ದನೆಯ ಲಾರಿಗಳಲ್ಲಿ ತಂದು, ಕ್ರೇನಿನಿಂದ ಎತ್ತಿ ಎರಡು ಕಂಬಗಳ ನಡುವೆ ಸಾಲಾಗಿ ತೂಗುಹಾಕುತ್ತಾರೆ. ಆಮೇಲೆ ಮಣಿಗಳನ್ನು ದಾರದಲ್ಲಿ ಪೋಣಿಸುವ ಹಾಗೆ, ಎಲ್ಲ ತುಂಡುಗಳನ್ನೂ ಉಕ್ಕಿನ ತಂತಿಹಗ್ಗಗಳಿಂದ ಪೋಣಿಸುತ್ತಾರೆ. ಒಂದು ನೇರ ತಂತಿಯ ಸುತ್ತ ಆರು ತಂತಿ ಸುತ್ತಿದರೆ ಒಂದು ಎಳೆ. ಅಂಥ ಹಲವು ಎಳೆಗಳ ಕಟ್ಟು ಒಂದು ತಂತಿಹಗ್ಗ. ಅದನ್ನು ಜಾಕ್ ಯಂತ್ರದಿಂದ ನೂರಾರು ಟನ್ ಬಲ ಹಾಕಿ ಎಳೆದು, ತುದಿಗಳಲ್ಲಿ ಉಕ್ಕಿನ ಬೆಣೆ ಬಡಿದು ಬಿಗಿಯುತ್ತಾರೆ. ನೀವು ಎರಡು ಅಂಗೈಗಳಿಂದ ಮಾಡಿದ ಕೆಲಸವನ್ನು ಅಲ್ಲಿ ಈ ಹಗ್ಗಗಳು ಹಗಲೂ ರಾತ್ರಿಯೂ ಮಾಡುತ್ತಿರುತ್ತವೆ. ಅವುಗಳಿಗೆ ಕೈ ಸಡಿಲಿಸುವ ಹಾಗಿಲ್ಲ.

ಪೀಣ್ಯದ ಸೇತುವೆಯಲ್ಲಿ ಎರಡೆರಡು ಕಂಬಗಳ ನಡುವಿನ ಇಂತಹ ಭಾಗಗಳು 120. ಒಂದೊಂದರಲ್ಲಿ ಹತ್ತು ತಂತಿಹಗ್ಗಗಳು. ಲೆಕ್ಕ ಹಾಕಿ, ಒಟ್ಟು 1,200!

102 ಮತ್ತು 103ರ ನಡುವೆ

ಕಟ್ಟುವಾಗ ತಂತಿಹಗ್ಗಗಳನ್ನು ಕೊಳವೆಗಳೊಳಗೆ ಹಾಯಿಸಿ, ಎಳೆದು ಬಿಗಿದ ಮೇಲೆ ಕೊಳವೆಯೊಳಕ್ಕೆ ಸಿಮೆಂಟಿನ ತಿಳಿಗಾರೆಯನ್ನು ಪಂಪ್ ಮಾಡಿ ತುಂಬುತ್ತಾರೆ. ಗಾರೆ ತಂತಿಗೆ ಗಾಳಿ, ನೀರು ತಾಕದಂತೆ ಕಂಬಳಿ ಹೊದಿಸಿದ ಹಾಗೆ ಕಾಪಾಡುತ್ತದೆ. ಎಲ್ಲಾದರೂ ಗಾರೆ ತುಂಬದೆ ಟೊಳ್ಳು ಉಳಿದರೆ, ಅಲ್ಲಿಗೆ ತೇವ ಸೇರಿದರೆ ತುಕ್ಕು ಶುರು. ಕಿಟಕಿಯ ಸರಳಿಗೆ ತುಕ್ಕು ಹಿಡಿದರೆ ಕಣ್ಣಿಗೆ ಕಾಣುತ್ತದೆ, ಉಜ್ಜಿ ಬಣ್ಣ ಬಳಿಯಬಹುದು. ಕಾಂಕ್ರೀಟಿನ ಹೊಟ್ಟೆಯೊಳಗಿನ ತಂತಿಗೆ ತುಕ್ಕು ಹಿಡಿದರೆ ಯಾರಿಗೆ ಕಾಣಬೇಕು? ಅದೂ ಅಲ್ಲದೆ ಬಿಗಿಯಾಗಿ ಎಳೆದ ತಂತಿಗೆ ತುಕ್ಕು ಇನ್ನೂ ಅಪಾಯಕಾರಿ. ಸಡಿಲವಾದ ದಾರಕ್ಕೆ ಬ್ಲೇಡು ತಾಗಿದರೆ ಸ್ವಲ್ಪ ಹರಿದೀತು. ಜಗ್ಗಿ ಹಿಡಿದ ದಾರಕ್ಕೆ ತಾಗಿದರೆ ಫಟ್ಟೆಂದು ತುಂಡಾಗುತ್ತದೆ.

ಪೀಣ್ಯದಲ್ಲಿ 102 ಮತ್ತು 103ನೇ ಕಂಬಗಳ ನಡುವಿನ ಭಾಗದಲ್ಲಿ ತಂತಿಹಗ್ಗಗಳು ಹಾಳಾಗಿರುವುದು 2021ರ ಡಿಸೆಂಬರಿನಲ್ಲಿ ಕಂಡುಬಂತು. ಸೇತುವೆ ಮುಚ್ಚಿದ್ದು ಅದಕ್ಕೇ. ಹತ್ತರಲ್ಲಿ ಒಂದೆರಡು ಹೋದರೆ ಉಳಿದವು ಸೇತುವೆಯನ್ನು ಹಿಡಿದಿರುತ್ತವೆ, ನಿಜ. ಆದರೆ ಒಂದು ಕಡೆ ಹೀಗಾಗಿದೆ ಎಂದರೆ ಉಳಿದ ಕಡೆ ಆಗಿಲ್ಲ ಎಂದು ಹೇಳುವುದು ಹೇಗೆ? ಹೊರಗಿನಿಂದ ನೋಡಿ ಹೇಳುವಂತಿರಲಿಲ್ಲ. ಭಾರತೀಯ ವಿಜ್ಞಾನ ಸಂಸ್ಥೆಯ ತಜ್ಞರ ಸಲಹೆ ಪಡೆದು, 2022ರ ಫೆಬ್ರವರಿಯಲ್ಲಿ ಕಾರು, ಬೈಕುಗಳಂತಹ ಹಗುರ ವಾಹನಗಳನ್ನು ಮಾತ್ರ ಬಿಟ್ಟರು. ಒಂದು ಕಾರಿನ ತೂಕ ಸುಮಾರು ಒಂದು ಟನ್ ಇದ್ದೀತು. ತುಂಬಿದ ದೊಡ್ಡ ಲಾರಿ 30 ಟನ್ನಿಗೂ ಮೀರುತ್ತದೆ. ಸೇತುವೆಗೆ ಇವೆರಡರ ನಡುವಿನ ವ್ಯತ್ಯಾಸ, ನಿಮ್ಮ ಹೆಗಲ ಮೇಲೆ ಬೆಕ್ಕಿನ ಮರಿ ಕೂರುವುದಕ್ಕೂ ದೊಡ್ಡವರೊಬ್ಬರು ಕೂರುವುದಕ್ಕೂ ಇರುವ ವ್ಯತ್ಯಾಸದಂತೆ.

ಆ ದಿನಗಳಲ್ಲಿ ಲಾರಿಗಳು, ಸಾರಿಗೆ ಬಸ್ಸುಗಳು ಎಲ್ಲವೂ ಕೆಳಗಿನ ರಸ್ತೆಯಲ್ಲೇ ತೆವಳಬೇಕಿತ್ತು. ಊರಿನಿಂದ ಹೊರಟು ಬೆಳಗಿನ ಜಾವ ನೆಲಮಂಗಲ ದಾಟಿದವರು, ಇನ್ನೇನು ಮೆಜೆಸ್ಟಿಕ್ ಬಂದೇಬಿಟ್ಟಿತು ಎಂದುಕೊಂಡು ಚೀಲ ಕೆಳಗಿಳಿಸಿ ಕೂತರೆ ಬಸ್ಸು ಪೀಣ್ಯದಲ್ಲಿ ನಿಂತುಬಿಡುತ್ತಿತ್ತು. ತಲೆಯ ಮೇಲೆ ಸೇತುವೆ ಅರ್ಧ ಖಾಲಿ, ಕೆಳಗೆ ಹೊಗೆ ಮತ್ತು ಹಾರ್ನು. ಆಸ್ಪತ್ರೆಗೆ, ಪರೀಕ್ಷೆಗೆ, ಕೆಲಸದ ಸಂದರ್ಶನಕ್ಕೆ ಹೊರಟವರಿಗೆ ಸಿಟ್ಟು ಬಾರದೇ ಇರುತ್ತದೆಯೇ? “ಸೇತುವೆ ಗಟ್ಟಿಯಾಗಿಯೇ ಇದೆಯಲ್ಲ, ಬಿಡಬಾರದೇ?” ಎಂದು ಎಷ್ಟೋ ಜನ ಗೊಣಗಿದರು. ಆದರೆ ಗಟ್ಟಿಯಾಗಿ ಕಾಣುವುದಕ್ಕೂ ಗಟ್ಟಿಯಾಗಿರುವುದಕ್ಕೂ ಇರುವ ವ್ಯತ್ಯಾಸವನ್ನು ನೀವೀಗ ಪುಸ್ತಕಗಳನ್ನು ಎತ್ತಿ ನೋಡಿ ತಿಳಿದಿದ್ದೀರಿ. ಮುಚ್ಚಿದವರನ್ನು ಬಯ್ಯುವುದಕ್ಕಿಂತ, ಹನ್ನೊಂದೇ ವರ್ಷಕ್ಕೆ ಹೀಗೇಕಾಯಿತು ಎಂದು ಕೇಳುವುದು ಸರಿಯಾದ ಪ್ರಶ್ನೆ ಎಂದು ನನಗನ್ನಿಸುತ್ತದೆ. ಇಂತಹ ಸೇತುವೆಗಳನ್ನು ನೂರು ವರ್ಷ ಬಾಳಲಿ ಎಂಬ ಲೆಕ್ಕದಲ್ಲಿ ಕಟ್ಟಬೇಕು.

ರಿಪೇರಿ ಹೇಗೆ? ಅದೃಷ್ಟಕ್ಕೆ ಪ್ರತಿಯೊಂದು ಭಾಗದಲ್ಲೂ ಇನ್ನೆರಡು ತಂತಿಹಗ್ಗಗಳನ್ನು ಹಾಯಿಸಲು ಸ್ಥಳವಿತ್ತು. 120 ಭಾಗಗಳಿಗೆ ಎರಡರಂತೆ 240 ಹೊಸ ತಂತಿಹಗ್ಗಗಳನ್ನು ಹಾಕಿ ಬಿಗಿದರು. ಆಮೇಲೆ 2024ರ ಜನವರಿಯಲ್ಲಿ ಸೇತುವೆಯನ್ನು ಕೆಲವು ದಿನ ಪೂರ್ತಿ ಮುಚ್ಚಿ ಅದಕ್ಕೊಂದು ‘ಪರೀಕ್ಷೆ’ ಮಾಡಿದರು. ಭಾರದ ಪರೀಕ್ಷೆ! ಇದರ ವಿಧಾನ ಸರಳ. ಭಾರ ತುಂಬಿದ ಲಾರಿಗಳನ್ನು ಸೇತುವೆಯ ಮೇಲೆ ತಂದು ನಿಲ್ಲಿಸುತ್ತಾರೆ. ಕೆಳಗೆ ಇಟ್ಟ ಸೂಕ್ಷ್ಮ ಮಾಪಕಗಳು ಸೇತುವೆ ಎಷ್ಟು ಮಿಲಿಮೀಟರ್ ಬಗ್ಗಿತು ಎಂದು ಅಳೆಯುತ್ತವೆ. ಹೌದು, ಎಲ್ಲ ಸೇತುವೆಗಳೂ ಬಗ್ಗುತ್ತವೆ! ಬಗ್ಗುವುದು ದೋಷವಲ್ಲ. ಭಾರ ಇಳಿಸಿದ ಮೇಲೆ ಮತ್ತೆ ಮೊದಲಿನ ಸ್ಥಿತಿಗೆ ಬರುತ್ತದೆಯೋ ಇಲ್ಲವೋ ಎಂಬುದೇ ಮುಖ್ಯ. ಪ್ಲಾಸ್ಟಿಕ್ ಸ್ಕೇಲನ್ನು ಸ್ವಲ್ಪ ಬಗ್ಗಿಸಿ ಬಿಟ್ಟರೆ ನೆಟ್ಟಗಾಗುತ್ತದೆ. ತಗಡಿನ ಪಟ್ಟಿಯನ್ನು ಜೋರಾಗಿ ಬಗ್ಗಿಸಿ ಬಿಟ್ಟರೆ ಸೊಟ್ಟಗೇ ಉಳಿಯುತ್ತದೆ. ಸೇತುವೆ ಸ್ಕೇಲಿನಂತೆ ವರ್ತಿಸಬೇಕು.

2024ರ ಜುಲೈ ಕೊನೆಯಲ್ಲಿ ಲಾರಿ, ಬಸ್ಸುಗಳಿಗೆ ಮತ್ತೆ ದಾರಿ ಸಿಕ್ಕಿತು. ಆಗ ಒಂದು ನಿಯಮವನ್ನೂ ಮಾಡಿದರು. ಶುಕ್ರವಾರ ಬೆಳಗ್ಗೆ 6 ಗಂಟೆಯಿಂದ ಶನಿವಾರ ಬೆಳಗ್ಗೆ 6 ಗಂಟೆಯವರೆಗೆ ಭಾರದ ವಾಹನಗಳಿಗೆ ಪ್ರವೇಶವಿಲ್ಲ. ಆ ದಿನ ನಿರ್ವಹಣೆಯ ಕೆಲಸ. ನಿಮಗೆ ಭಾನುವಾರ ಇದ್ದ ಹಾಗೆ ಸೇತುವೆಗೊಂದು ಶುಕ್ರವಾರ!

ದಡಕ್... ದಡಕ್...

ಮೇಲ್ಸೇತುವೆಯ ಮೇಲೆ ಬಸ್ಸು ಹೋಗುವಾಗ ಸ್ವಲ್ಪ ದೂರಕ್ಕೊಮ್ಮೆ ‘ದಡಕ್’ ಎಂಬ ಸದ್ದು ಬರುತ್ತದೆ. ಗಮನಿಸಿದ್ದೀರಾ? ಅದು ಗುಂಡಿಯಲ್ಲ, ಬೇಕೆಂದೇ ಬಿಟ್ಟ ಸಂದು. ಬಿಸಿಯಾದರೆ ವಸ್ತುಗಳು ಹಿಗ್ಗುತ್ತವೆ ಎಂದು ಪಾಠದಲ್ಲಿ ಓದಿದ್ದೀರಿ. ಒಂದು ಮೀಟರ್ ಉದ್ದದ ಕಾಂಕ್ರೀಟು ಒಂದು ಡಿಗ್ರಿ ಸೆಲ್ಸಿಯಸ್ ಬಿಸಿಯಾದರೆ ಸುಮಾರು ಒಂದು ಮಿಲಿಮೀಟರಿನ ನೂರನೇ ಒಂದು ಭಾಗದಷ್ಟು ಹಿಗ್ಗುತ್ತದೆ. ಇಷ್ಟೇನಾ ಎನ್ನಬೇಡಿ. ಜನವರಿಯ ಮುಂಜಾವಿಗೂ ಏಪ್ರಿಲಿನ ಮಧ್ಯಾಹ್ನಕ್ಕೂ 20 ಡಿಗ್ರಿ ವ್ಯತ್ಯಾಸ ಎಂದಿಟ್ಟುಕೊಳ್ಳಿ. 30 ಮೀಟರ್ ಉದ್ದದ ತೊಲೆ 6 ಮಿಲಿಮೀಟರ್ ಹಿಗ್ಗುತ್ತದೆ. ನಾಲ್ಕು ಕಿಲೋಮೀಟರಿನ ಸೇತುವೆಯನ್ನು ಸಂದಿಲ್ಲದೆ ಒಂದೇ ತುಂಡಾಗಿ ಕಟ್ಟಿದ್ದರೆ? 80 ಸೆಂಟಿಮೀಟರ್! ಅದು ತುದಿಗಳನ್ನು ಒಡೆದುಕೊಂಡು ಮುನ್ನುಗ್ಗುತ್ತಿತ್ತು. ಅದಕ್ಕೇ ಅಲ್ಲಲ್ಲಿ ಸಂದು ಬಿಟ್ಟು, ಅದಕ್ಕೆ ಉಕ್ಕಿನ ಅಂಚು, ರಬ್ಬರಿನ ಪಟ್ಟಿ ಕೂರಿಸುತ್ತಾರೆ. ಕಂಬದ ತಲೆಗೂ ತೊಲೆಗೂ ನಡುವೆ ಬೇರಿಂಗ್ ಎಂಬ ದಪ್ಪ ಮೆತ್ತೆ ಇಡುತ್ತಾರೆ. ರಬ್ಬರಿನ ಪದರಗಳ ನಡುವೆ ಉಕ್ಕಿನ ತಗಡು ಸೇರಿಸಿ ಮಾಡಿದ ಮೆತ್ತೆ ಅದು. ತೊಲೆ ಹಿಂದೆ ಮುಂದೆ ಸರಿದರೆ ಮೆತ್ತೆ ಓರೆಯಾಗಿ ಹೊಂದಿಕೊಳ್ಳುತ್ತದೆ.

ದಿನವೂ ಸಾವಿರಾರು ಗಾಲಿಗಳು ಬಡಿಯುವ ಈ ಸಂದುಗಳೇ ಮೊದಲು ಸವೆಯುವುದು. ರಬ್ಬರು ಹರಿದರೆ, ಸಂದಿನಲ್ಲಿ ಮಣ್ಣು ಕಲ್ಲು ತುಂಬಿದರೆ ಹಿಗ್ಗಲು ಜಾಗವಿರುವುದಿಲ್ಲ, ಮಳೆನೀರು ನೇರವಾಗಿ ಕೆಳಗಿನ ತೊಲೆಗೆ, ಬೇರಿಂಗಿಗೆ ಇಳಿಯುತ್ತದೆ. ಸಿರ್ಸಿ ವೃತ್ತದ ಮೇಲ್ಸೇತುವೆಗೆ ಇಪ್ಪತ್ತು ವರ್ಷ ತುಂಬಿದಾಗ, 2019ರಲ್ಲಿ, ಒಂದೊಂದೇ ಬದಿಯನ್ನು ಮುಚ್ಚಿ ಸಂದುಗಳನ್ನು ದುರಸ್ತಿ ಮಾಡಿ, ಹಳೆಯ ಡಾಂಬರು ಕೆರೆದು ಹೊಸದು ಹಾಕಿದರು. ಹಳೆಯ ಡಾಂಬರಿನ ಮೇಲೆಯೇ ಹೊಸ ಡಾಂಬರು ಹಾಕಬಾರದೇ ಎಂದು ನೀವು ಕೇಳಬಹುದು. ನೆಲದ ರಸ್ತೆಯಾದರೆ ಹಾಕಬಹುದು. ಸೇತುವೆಯ ಮೇಲೆ ಪ್ರತಿ ಪದರವೂ ಹೆಚ್ಚುವರಿ ಭಾರ, ಆ ಭಾರವನ್ನು ಅದು ಹಗಲೂ ರಾತ್ರಿ ಹೊರಬೇಕು!

ಅಸಲಿ ಶತ್ರು ನೀರು

ಸೇತುವೆಯ ಕಾಯಿಲೆಗಳಲ್ಲಿ ಹೆಚ್ಚಿನವು ನೀರಿನಿಂದಲೇ ಶುರುವಾಗುತ್ತವೆ. ರಸ್ತೆಯ ಅಂಚಿನಲ್ಲಿ ನೀರು ಇಳಿಯಲು ಬಿಟ್ಟ ಕಿಂಡಿಗೆ ಒಂದು ಪ್ಲಾಸ್ಟಿಕ್ ಚೀಲ ಅಡ್ಡ ಬಂದರೆ ಸಾಕು. ನೀರು ನಿಲ್ಲುತ್ತದೆ, ಡಾಂಬರಿನ ಬಿರುಕಿನಲ್ಲಿ ಇಳಿಯುತ್ತದೆ, ಕಾಂಕ್ರೀಟಿನ ಸೂಕ್ಷ್ಮ ರಂಧ್ರಗಳ ಮೂಲಕ ಸರಳನ್ನು ಮುಟ್ಟುತ್ತದೆ. ಕಬ್ಬಿಣ ತುಕ್ಕಾದಾಗ ಅದರ ಗಾತ್ರ ಹಲವು ಪಟ್ಟು ಹೆಚ್ಚುತ್ತದೆ. ಉಬ್ಬಿದ ತುಕ್ಕು ಒಳಗಿನಿಂದಲೇ ಕಾಂಕ್ರೀಟನ್ನು ತಳ್ಳುತ್ತದೆ. ಮೊದಲು ಕೂದಲೆಳೆಯಷ್ಟು ಬಿರುಕು, ಆಮೇಲೆ ಕಂದು ಕಲೆ, ಆಮೇಲೆ ಚಕ್ಕೆ. ಚಕ್ಕೆ ಬಿದ್ದ ಮೇಲೆ ಸರಳು ಬಯಲಾಗಿ ಇನ್ನೂ ಬೇಗ ತುಕ್ಕು ಹಿಡಿಯುತ್ತದೆ.

ಬೆಂಗಳೂರಿನ ಹೊರವರ್ತುಲ ರಸ್ತೆಯಲ್ಲಿರುವ ಸುಮನಹಳ್ಳಿ ಮೇಲ್ಸೇತುವೆಯಲ್ಲಿ 2019ರ ನವೆಂಬರಿನಲ್ಲಿ ಒಂದು ಕಡೆ ಕಾಂಕ್ರೀಟು ಉದುರಿ ತೂತೇ ಬಿತ್ತು. ಮೇಲಿನಿಂದ ಬಗ್ಗಿ ನೋಡಿದರೆ ಸರಳುಗಳ ಜಾಲರಿ, ಅದರಾಚೆಗೆ ಕೆಳಗಿನ ನೆಲ! ಸಂಚಾರ ನಿಲ್ಲಿಸಿ ರಿಪೇರಿ ಮಾಡಿದರು. 2022ರ ಸೆಪ್ಟೆಂಬರಿನಲ್ಲಿ ಅದೇ ಸೇತುವೆಯಲ್ಲಿ ಇನ್ನೊಂದು ತೂತು ಕಾಣಿಸಿಕೊಂಡಿತು. ತೂತು ಮುಚ್ಚುವುದು ಹಲ್ಲಿನ ಹುಳುಕಿಗೆ ಸಿಮೆಂಟ್ ತುಂಬಿದಂತೆ. ಪಕ್ಕದ ಹಲ್ಲನ್ನೂ ನೋಡಬೇಕಲ್ಲವೇ?

ಸೇತುವೆಯ ಪಕ್ಕದಲ್ಲಿ ಅರಳಿ, ಅತ್ತಿಯ ಸಸಿಗಳು ಬೆಳೆದಿರುವುದನ್ನು ನೋಡಿರಬಹುದು. ಹಕ್ಕಿಗಳು ಹಣ್ಣು ತಿಂದು ಹಿಕ್ಕೆಯಲ್ಲಿ ಹಾಕಿದ ಬೀಜಗಳವು. ಬಿರುಕಿನಲ್ಲಿ ಒಂದಿಷ್ಟು ಧೂಳು, ತೇವ ಇದ್ದರೆ ಮೊಳೆಯುತ್ತವೆ. ಬೇರು ದಪ್ಪವಾದಂತೆ ಬಿರುಕು ಅಗಲವಾಗುತ್ತದೆ. ಮರ ಬೆಳೆಸುವುದು ಒಳ್ಳೆಯದೇ, ಆದರೆ ಸೇತುವೆಯ ಮೇಲಲ್ಲ! ಸಸಿ ಎಳೆಯದಾಗಿದ್ದಾಗಲೇ ಬೇರುಸಹಿತ ಕೀಳಬೇಕು.

ಸೇತುವೆಯ ಡಾಕ್ಟರುಗಳು

ಇವನ್ನೆಲ್ಲ ಪತ್ತೆ ಮಾಡುವುದು ಹೇಗೆ? ಮೊದಲ ಉಪಕರಣ ಕಣ್ಣು. ಎರಡನೆಯದು ಒಂದು ಸಣ್ಣ ಸುತ್ತಿಗೆ. ಸಂತೆಯಲ್ಲಿ ಮಡಕೆ ಕೊಳ್ಳುವಾಗ ಅಜ್ಜಿ ಬೆರಳಿನಿಂದ ತಟ್ಟಿ ನೋಡುತ್ತಾರಲ್ಲ, ಹಾಗೆಯೇ. ಗಟ್ಟಿ ಕಾಂಕ್ರೀಟು ‘ಠಣ್’ ಎನ್ನುತ್ತದೆ, ಒಳಗೆ ಪದರ ಬಿಟ್ಟಿದ್ದರೆ ‘ಡಬ್’ ಎಂದು ಟೊಳ್ಳು ಸದ್ದು. ಇನ್ನೂ ಆಳಕ್ಕೆ ಹೋಗಬೇಕಾದರೆ ಶ್ರವಣಾತೀತ ಧ್ವನಿಯನ್ನು ಕಾಂಕ್ರೀಟಿನ ಮೂಲಕ ಹಾಯಿಸುತ್ತಾರೆ. ಒಳಗೆ ಬಿರುಕೋ ಟೊಳ್ಳೋ ಇದ್ದರೆ ಧ್ವನಿ ಸುತ್ತಿ ಬರಬೇಕಾಗಿ ತಡವಾಗುತ್ತದೆ. ಆ ತಡದಿಂದಲೇ ದೋಷ ತಿಳಿಯುತ್ತದೆ. ಬಸುರಿ ಹೆಂಗಸರಿಗೆ ಆಸ್ಪತ್ರೆಯಲ್ಲಿ ಮಾಡುವ ಸ್ಕ್ಯಾನಿಂಗಿಗೂ ಇದೇ ಬಗೆಯ ಧ್ವನಿಯನ್ನು ಬಳಸುತ್ತಾರೆ.

ನಿಮ್ಮೂರಿನ ಹಳ್ಳಕ್ಕೋ ಕಾಲುವೆಗೋ ಒಂದು ಸಣ್ಣ ಸೇತುವೆ ಇದ್ದೇ ಇರುತ್ತದೆ. ಮಳೆ ನಿಂತ ಮೇಲೆ ದೊಡ್ಡವರ ಜೊತೆ ಹೋಗಿ, ದೂರದಲ್ಲಿ ನಿಂತು ನೋಡಿ ಬನ್ನಿ. ಮೇಲೆ ನೀರು ನಿಂತಿದೆಯೇ? ಕಿಂಡಿಗಳು ತೆರೆದಿವೆಯೇ? ಕೆಳಭಾಗದಲ್ಲಿ ಕಂದು ಕಲೆಗಳಿವೆಯೇ, ಸರಳು ಕಾಣುತ್ತಿದೆಯೇ? ಅರಳಿ ಸಸಿ ಇದೆಯೇ? ಕಂಡದ್ದನ್ನು ದಿನಾಂಕ ಹಾಕಿ, ಚಿತ್ರ ಬರೆದು ಇಟ್ಟುಕೊಳ್ಳಿ. ಮುಂದಿನ ವರ್ಷ ಅದೇ ತಿಂಗಳಲ್ಲಿ ಮತ್ತೆ ನೋಡಿ ಹೋಲಿಸಿ. ಸರಳು ಬಯಲಾಗಿದ್ದರೆ ಮೇಷ್ಟ್ರ ಸಹಾಯದಿಂದ ಗ್ರಾಮ ಪಂಚಾಯಿತಿಗೆ ಒಂದು ಪತ್ರ ಬರೆಯಿರಿ.

ಇನ್ನೊಂದು ವಿಷಯ. ಪೀಣ್ಯದಂತಹ ಸೇತುವೆಯ ಕಾಂಕ್ರೀಟ್ ಪೆಟ್ಟಿಗೆಗಳು ಟೊಳ್ಳು ಎಂದೆನಲ್ಲ, ಅವುಗಳೊಳಗೆ ಮನುಷ್ಯರು ಇಳಿದು ಓಡಾಡಬಹುದು. ಪರಿಶೀಲನೆಗೆಂದು ಎಂಜಿನಿಯರುಗಳೂ ಕೆಲಸಗಾರರೂ ತಲೆಗೆ ಹೆಲ್ಮೆಟ್ ಹಾಕಿ, ಬ್ಯಾಟರಿ ದೀಪ ಹಿಡಿದು ಆ ಕತ್ತಲೆಯ ಸುರಂಗದಲ್ಲಿ ನಡೆಯುತ್ತಾರೆ. ತಂತಿಹಗ್ಗ ಬಿಗಿದ ಜಾಗಗಳನ್ನು ಒಂದೊಂದಾಗಿ ನೋಡುತ್ತಾರೆ, ಗೋಡೆಯ ಮೇಲೆ ತೇವದ ಗುರುತು ಕಂಡರೆ ಸೀಮೆಸುಣ್ಣದಿಂದ ಸುತ್ತು ಹಾಕುತ್ತಾರೆ. ತಲೆಯ ಮೇಲೆ ಬಸ್ಸುಗಳು ‘ದಡಕ್... ದಡಕ್...’ ಎಂದು ಹೋಗುತ್ತಿರುತ್ತವೆ. ಮುಂದಿನ ಸಲ ನೀವು ಆ ಬಸ್ಸಿನಲ್ಲಿ ಕೂತಿದ್ದಾಗ, ನಿಮ್ಮ ಕಾಲಿನ ಕೆಳಗೆ ಯಾರಾದರೂ ದೀಪ ಹಿಡಿದು ನಡೆಯುತ್ತಿರಬಹುದು.